ಕೈಶೋರದ ಸಂಕೋಚ



ಮನೆಯಲ್ಲಿ ಹತ್ತು ಹನ್ನೆರಡು ವರ್ಷದ ಮಕ್ಕಳಿರುವ ತಂದೆತಾಯಿಗಳು ಒಂದು ಸಂಗತಿಯನ್ನು ಗಮನಿಸಿಯೇ ಇರುತ್ತಾರೆ. ಮೊನ್ನೆಮೊನ್ನೆಯವರೆಗೂ ಬೀದಿಗೆಲ್ಲ ಕೇಳುವಂತೆ ಮಾತನಾಡುತ್ತಿದ್ದ ಮಗು ಮೆಲ್ಲನೆ ಮಿತಭಾಷಿಯಾಗುತ್ತದೆ. ಬಚ್ಚಲುಮನೆಯ ಬಾಗಿಲಿಗೆ ಅಗುಳಿ ಬೀಳುತ್ತದೆ. ಕನ್ನಡಿಯ ಮುಂದೆ ನಿಲ್ಲುವ ಹೊತ್ತು ಹೆಚ್ಚುತ್ತದೆ. ಬಂದ ನೆಂಟರ ಮುಂದೆ ನಿಲ್ಲುವ ಹೊತ್ತು ಕಡಮೆಯಾಗುತ್ತದೆ. 'ಏನಪ್ಪಾ, ಏನಾಯಿತು?' ಎಂದು ಕೇಳಿದರೆ 'ಏನೂ ಇಲ್ಲ' ಎಂಬ ಉತ್ತರ ಬರುತ್ತದೆ. ಏನೂ ಇಲ್ಲದೆ ಇಲ್ಲ, ಬಹಳಷ್ಟು ಇದೆ. ಅದನ್ನು ಹೇಳಿಕೊಳ್ಳಲು ಆ ಮಗುವಿನ ಬಳಿ ಮಾತಿಲ್ಲ, ಅಷ್ಟೆ. ಈ ಮಾತಿಲ್ಲದ ಸಂಕಟವೇ ಇಂದಿನ ನನ್ನ ಭಾಷಣದ ವಿಷಯ.

ನಾನು ವೈದ್ಯನಲ್ಲ, ಹೈಸ್ಕೂಲಿನ ಕನ್ನಡ ಪಂಡಿತ. ಆದರೆ ಹನ್ನೆರಡರಿಂದ ಹದಿನಾರು ವರ್ಷದವರೆಗಿನ ಹುಡುಗ ಹುಡುಗಿಯರ ನಡುವೆಯೇ ಆಯುಷ್ಯದ ಬಹುಭಾಗವನ್ನು ಕಳೆದವನಿಗೆ ಕೆಲವು ವಿಷಯಗಳು ತಾವಾಗಿಯೇ ಕಾಣಿಸುತ್ತವೆ. ಶರೀರಶಾಸ್ತ್ರದ ಮಾತು ಬಂದಾಗ ವೈದ್ಯರೆಲ್ಲರೂ ಒಪ್ಪುವಷ್ಟನ್ನು ಮಾತ್ರ ಹೇಳುತ್ತೇನೆ. ಮೊದಲು ನನ್ನ ವೃತ್ತಿಗೆ ಸೇರಿದ ಶಬ್ದಗಳಿಂದಲೇ ಆರಂಭಿಸುತ್ತೇನೆ.

ನಮ್ಮ ಪ್ರಾಚೀನರು ವಯಸ್ಸನ್ನು ನಯವಾಗಿ ವಿಂಗಡಿಸಿದ್ದಾರೆ. ಐದು ವರ್ಷದವರೆಗೆ ಕೌಮಾರ, ಹತ್ತರವರೆಗೆ ಪೌಗಂಡ, ಹದಿನೈದರವರೆಗೆ ಕೈಶೋರ, ಆಮೇಲೆ ಯೌವನ. ಹತ್ತರಿಂದ ಹದಿನೈದರವರೆಗಿನ ಈ ಐದು ವರ್ಷಗಳಿಗೆ ಪ್ರತ್ಯೇಕವಾದ ಹೆಸರನ್ನೇ ಇಟ್ಟರೆಂಬುದು ಗಮನಾರ್ಹ. ಈಚೆಗೆ ಬಳಕೆಗೆ ಬಂದ 'ಹದಿಹರೆಯ' ಎಂಬ ಮಾತು ಸೊಗಸಾಗಿದೆ, ನಿಜ. ಆದರೆ ಅದು 'ಹದಿ' ಎಂಬ ಅಕ್ಷರಗಳೊಡನೆ ಹದಿಮೂರಕ್ಕೆ ಆರಂಭವಾಗುತ್ತದೆ. ಹತ್ತು, ಹನ್ನೊಂದು, ಹನ್ನೆರಡು ಅದರ ಲೆಕ್ಕಕ್ಕೆ ಬರುವುದಿಲ್ಲ. ದೇಹದ ಬದಲಾವಣೆ ಅನೇಕ ಮಕ್ಕಳಲ್ಲಿ ಮೊಳೆಯುವುದು ಆ ಮೂರು ವರ್ಷಗಳಲ್ಲಿಯೇ. ಕಾವ್ಯಗಳಲ್ಲಂತೂ ನಾಯಕನಾಗಲಿ ನಾಯಿಕೆಯಾಗಲಿ ಒಂದು ಪದ್ಯದಲ್ಲಿ ಅಂಬೆಗಾಲಿಡುತ್ತಾರೆ, ನಾಲ್ಕು ಪದ್ಯ ಕಳೆಯುವಷ್ಟರಲ್ಲಿ ತುಂಬು ಜವ್ವನದಲ್ಲಿ ನಿಂತಿರುತ್ತಾರೆ. ಮೊಡವೆಗಳ ಮುಖವನ್ನೂ ಒಡೆದ ಗಂಟಲನ್ನೂ ವರ್ಣಿಸಿದ ಮಹಾಕವಿಯನ್ನು ನಾನು ಕಾಣೆ.

ಇನ್ನೊಂದು ಶಬ್ದವನ್ನು ನೋಡಿ: 'ಒಸಗೆ'. ಒಸಗೆಯೆಂದರೆ ಶುಭವಾರ್ತೆ, ಸಂತೋಷದ ಸುದ್ದಿ. ಡಿ. ವಿ. ಗುಂಡಪ್ಪನವರು ಉಮರ್ ಖಯ್ಯಾಮನ ಪದ್ಯಗಳನ್ನು ಕನ್ನಡಿಸಿದಾಗ ಕೃತಿಗೆ 'ಉಮರನ ಒಸಗೆ' ಎಂದು ಹೆಸರಿಟ್ಟದ್ದು ಈ ಅರ್ಥದಲ್ಲಿ. ನಮ್ಮ ಜನಪದದಲ್ಲಿ ಹೆಣ್ಣುಮಗಳು ಮೈನೆರೆದಾಗ ನಡೆಸುವ ಉತ್ಸವಕ್ಕೂ ಒಸಗೆಯೆಂದೇ ಹೆಸರು. ಎಷ್ಟು ಒಳ್ಳೆಯ ಮಾತು! ಮಗು ಬೆಳೆದಳೆಂಬುದು ಶುಭವಾರ್ತೆ ಎಂದು ನಮ್ಮ ಹಿರಿಯರು ಭಾವಿಸಿದರು. ಆದರೆ ಈ ವಾರ್ತೆ ಯಾರುಯಾರಿಗೆ ಮುಟ್ಟುತ್ತಿತ್ತೆಂದು ಯೋಚಿಸಿದರೆ ವಿಚಿತ್ರವೆನಿಸುತ್ತದೆ. ಸೋದರಮಾವನಿಗೆ ಹೇಳಿಕಳುಹಿಸುತ್ತಿದ್ದರು, ನೆರೆಹೊರೆಯವರನ್ನು ಕರೆಯುತ್ತಿದ್ದರು, ಊರಿನ ಮುತ್ತೈದೆಯರು ಬಂದು ಆರತಿ ಎತ್ತುತ್ತಿದ್ದರು. ಯಾವ ಮಗುವಿನ ದೇಹದಲ್ಲಿ ಅದು ನಡೆಯಿತೋ ಆ ಮಗುವಿಗೆ ಮಾತ್ರ ಅದೇನೆಂದು ಮೊದಲೇ ಯಾರೂ ತಿಳಿಸುತ್ತಿರಲಿಲ್ಲ. ಊರಿಗೆಲ್ಲ ಒಸಗೆ, ಮಗುವಿಗೆ ಮೌನ. ಉತ್ಸವಗಳು ಈಗ ಪಟ್ಟಣಗಳಲ್ಲಿ ಕಡಮೆಯಾಗಿವೆ. ಮೌನ ಮಾತ್ರ ಅನೇಕ ಮನೆಗಳಲ್ಲಿ ಹಾಗೆಯೇ ಉಳಿದಿದೆ. ಈ ವಯಸ್ಸಿನ ಸಂಕೋಚವನ್ನು ಪೂರ್ತಿಯಾಗಿ ನೀಗಿಸಲು ಯಾರಿಂದಲೂ ಆಗದು. ಆದರೆ ಅದರಲ್ಲಿ ಅಡಗಿರುವ ಭಯ ತಿಳಿಯದಿರುವುದರಿಂದ ಹುಟ್ಟಿದ್ದು. ಅದನ್ನು ಮನೆಯವರ ನಾಲ್ಕು ಸರಳವಾದ ಮಾತುಗಳು ಕಳೆಯಬಲ್ಲವು. ನಾನು ಹೇಳಬೇಕೆಂದಿರುವುದು ಇಷ್ಟೇ.

ಹಾಗಾದರೆ ಮಕ್ಕಳಿಗೆ ಹೇಳಬೇಕಾದದ್ದು ಏನು? ನಮಗೇ ಸ್ಪಷ್ಟವಾಗಿ ತಿಳಿಯದಿದ್ದರೆ ಅವರಿಗೆ ಹೇಳುವುದು ಹೇಗೆ? ಆದಕಾರಣ ಸ್ಥೂಲವಾಗಿ ಒಂದೆರಡು ವಿಷಯಗಳನ್ನು ನೆನಪುಮಾಡಿಕೊಳ್ಳೋಣ.

ಈ ಬದಲಾವಣೆಯ ಮೂಲ ಮೆದುಳಿನಲ್ಲಿದೆ. ಮೆದುಳಿನ ಬುಡದಲ್ಲಿ ಹೈಪೋಥಲಮಸ್ ಎಂಬ ಚಿಕ್ಕ ಭಾಗವಿದೆ. ಅದರ ಕೆಳಗೆ ಬಟಾಣಿ ಕಾಳಿನಷ್ಟಿರುವ ಪಿಟ್ಯುಟರಿ ಗ್ರಂಥಿಯಿದೆ. ಬಾಲ್ಯದಲ್ಲಿ ಸುಮ್ಮನಿದ್ದ ಹೈಪೋಥಲಮಸ್ ಒಂದು ದಿನ ಪಿಟ್ಯುಟರಿಗೆ ಆಜ್ಞೆಗಳನ್ನು ಕಳುಹಿಸತೊಡಗುತ್ತದೆ. ಪಿಟ್ಯುಟರಿಯಿಂದ ಹೊರಟ ರಸಗಳು ರಕ್ತದಲ್ಲಿ ಹರಿದು ಹುಡುಗಿಯರಲ್ಲಿ ಅಂಡಾಶಯವನ್ನೂ ಹುಡುಗರಲ್ಲಿ ವೃಷಣಗಳನ್ನೂ ಎಚ್ಚರಿಸುತ್ತವೆ. ಅಲ್ಲಿಂದ ಈಸ್ಟ್ರೊಜೆನ್, ಟೆಸ್ಟೊಸ್ಟಿರೋನ್ ಎಂಬ ಹಾರ್ಮೋನುಗಳು ಹೊರಡುತ್ತವೆ. ಈ ಆಜ್ಞೆಗಳು ಮೊದಮೊದಲು ಬಲವಾಗಿ ಹೊರಡುವುದು ರಾತ್ರಿ ನಿದ್ರೆಯಲ್ಲಿ ಎಂಬುದು ಒಂದು ಸ್ವಾರಸ್ಯ. ಮಗು ಮಲಗಿ ನಿದ್ರಿಸುತ್ತಿರುವಾಗಲೇ ಅದಕ್ಕೆ ತಿಳಿಯದಂತೆ ಈ ದೊಡ್ಡ ಕೆಲಸ ಮೊದಲಾಗುತ್ತದೆ.

ಇದು ಯಾವಾಗ ಮೊದಲಾಗುತ್ತದೆ? ಹುಡುಗಿಯರಲ್ಲಿ 8ರಿಂದ 13 ವರ್ಷದೊಳಗೆ, ಹುಡುಗರಲ್ಲಿ 9ರಿಂದ 14 ವರ್ಷದೊಳಗೆ ಯಾವಾಗ ಬೇಕಾದರೂ ಮೊದಲಾಗಬಹುದು. ಈ ಐದು ವರ್ಷಗಳ ಅಂತರವನ್ನು ದಯವಿಟ್ಟು ಮನಸ್ಸಿನಲ್ಲಿಡಿ. ಒಂದೇ ಬೆಂಚಿನ ಮೇಲೆ ಕುಳಿತ, ಒಂದೇ ತಿಂಗಳಲ್ಲಿ ಹುಟ್ಟಿದ ಇಬ್ಬರು ಹುಡುಗರಲ್ಲಿ ಒಬ್ಬನಿಗೆ ಮೀಸೆಯ ಗೆರೆ ಮೂಡಿರುತ್ತದೆ, ಇನ್ನೊಬ್ಬನು ಎಳೆಯ ಮಗುವಿನಂತೆಯೇ ಇರುತ್ತಾನೆ. ಇಬ್ಬರೂ ಆರೋಗ್ಯವಂತರೇ. ಆದರೆ ಮೊದಲಿನವನಿಗೆ ತಾನೊಬ್ಬನೇ ವಿಕಾರವಾದೆನೆಂಬ ಚಿಂತೆ, ಎರಡನೆಯವನಿಗೆ ತಾನೊಬ್ಬನೇ ಹಿಂದೆ ಬಿದ್ದೆನೆಂಬ ಚಿಂತೆ. ಎಂಟನೆಯ ತರಗತಿಯ ಹುಡುಗರನ್ನು ಎತ್ತರದ ಸಾಲಿನಲ್ಲಿ ನಿಲ್ಲಿಸಿದರೆ ಮುಂದಿನವನ ಕಣ್ಣುಗಳಲ್ಲಿಯೂ ಹಿಂದಿನವನ ಕಣ್ಣುಗಳಲ್ಲಿಯೂ ಒಂದೇ ಬಗೆಯ ದುಗುಡವನ್ನು ಕಾಣಬಹುದು.

ಬೆಳವಣಿಗೆಯಲ್ಲಿಯೂ ಒಂದು ಕ್ರಮವಿದೆ. ಮೊದಲು ಅಂಗೈ ಅಂಗಾಲುಗಳು ಬೆಳೆಯುತ್ತವೆ, ಆಮೇಲೆ ಕೈಕಾಲುಗಳು, ಕೊನೆಗೆ ಮುಂಡ. ವೇಗವಾಗಿ ಬೆಳೆಯುವ ಆ ಒಂದು ವರ್ಷದಲ್ಲಿ ಹುಡುಗಿಯರು ಸುಮಾರು 8 ಸೆಂಟಿಮೀಟರ್, ಹುಡುಗರು 9–10 ಸೆಂಟಿಮೀಟರ್ ಎತ್ತರವಾಗುವುದುಂಟು. ಜೂನ್‌ನಲ್ಲಿ ಹೊಲಿಸಿದ ಷರಾಯಿ ಸಂಕ್ರಾಂತಿಯ ಹೊತ್ತಿಗೆ ಹಿಮ್ಮಡಿಯಿಂದ ಮೇಲೇರಿರುತ್ತದೆ. ಕೈಗೆ ತಗುಲಿ ಲೋಟ ಉರುಳುತ್ತದೆ, ಹೊಸ್ತಿಲು ಎಡವುತ್ತದೆ. 'ಕಣ್ಣು ಎಲ್ಲಿಟ್ಟಿದ್ದೀಯೆ?' ಎಂದು ಗದರುತ್ತೇವೆ. ಕಣ್ಣು ಸರಿಯಾಗಿಯೇ ಇದೆ. ತನ್ನ ಕೈ ಎಲ್ಲಿ ಮುಗಿಯುತ್ತದೆಂಬ ಹಳೆಯ ಲೆಕ್ಕ ತಪ್ಪಿಹೋಗಿದೆ. ಹೊಸ ಲೆಕ್ಕಕ್ಕೆ ದೇಹ ಒಗ್ಗಿಕೊಳ್ಳುವವರೆಗೆ ಒಂದೆರಡು ಲೋಟಗಳು ಉರುಳಿದರೆ ಉರುಳಲಿ.

ಈಗ ಹುಡುಗಿಯರ ಮಾತು. ಎದೆಯ ಬೆಳವಣಿಗೆ ಮೊದಲಾದ ಎರಡು ಎರಡೂವರೆ ವರ್ಷಗಳಿಗೆ ಸಾಮಾನ್ಯವಾಗಿ ಮೊದಲ ಮುಟ್ಟು ಬರುತ್ತದೆ. ಎಂದರೆ ಪ್ರಕೃತಿ ನಮಗೆ ಎರಡು ವರ್ಷಗಳ ಮುನ್ಸೂಚನೆಯನ್ನು ಕೊಟ್ಟಿರುತ್ತದೆ. ಆ ಎರಡು ವರ್ಷಗಳನ್ನೂ ನಾವು ಸುಮ್ಮನೆ ಕಳೆದುಬಿಡುತ್ತೇವೆ. ಮೊದಲೇ ಏನೂ ಕೇಳಿರದ ಹುಡುಗಿಯ ಸ್ಥಿತಿಯನ್ನು ಊಹಿಸಿಕೊಳ್ಳಿ. ಶಾಲೆಯಲ್ಲಿ ಗಣಿತದ ಪಾಠ ನಡೆಯುತ್ತಿರುತ್ತದೆ. ಅವಳು ಬಟ್ಟೆಯ ಮೇಲೆ ರಕ್ತವನ್ನು ಕಾಣುತ್ತಾಳೆ. ನಮಗೆಲ್ಲರಿಗೂ ರಕ್ತವೆಂದರೆ ಗಾಯ ಅಥವಾ ರೋಗ, ಅವಳಿಗೂ ಹಾಗೆಯೇ. ತನಗೆ ಯಾವುದೋ ದೊಡ್ಡ ಕಾಯಿಲೆ ಬಂದಿದೆಯೆಂದೂ ತಾನು ಬದುಕುವುದಿಲ್ಲವೆಂದೂ ಯೋಚಿಸಿ, ಗಂಟೆ ಬಾರಿಸಿದ ಮೇಲೂ ಬೆಂಚು ಬಿಟ್ಟು ಏಳದೆ ಕುಳಿತ ಹುಡುಗಿಯರ ವಿಷಯವನ್ನು ಉಪಾಧ್ಯಾಯಿನಿಯರು ಹೇಳುತ್ತಾರೆ. ಒಂದು ಮಾತಿನಿಂದ ತಪ್ಪಿಸಬಹುದಾಗಿದ್ದ ಭಯವಲ್ಲವೆ ಇದು?

ಆ ಮಾತು ಕಠಿಣವಾದದ್ದೇನೂ ಅಲ್ಲ. ಗರ್ಭಕೋಶದ ಒಳಗೋಡೆ ಪ್ರತಿ ತಿಂಗಳೂ ಮೆತ್ತನೆಯ ಪದರವಾಗಿ ಬೆಳೆಯುತ್ತದೆ. ಅದರ ಅಗತ್ಯ ಬೀಳದಿದ್ದಾಗ ಕಳಚಿ ರಕ್ತದೊಡನೆ ಹೊರಬರುತ್ತದೆ. ಇದು ಎರಡರಿಂದ ಏಳು ದಿನ ಇರುತ್ತದೆ. ಅಷ್ಟು ದಿನಗಳಲ್ಲಿ ಹೋಗುವ ರಕ್ತ ಸಾಮಾನ್ಯವಾಗಿ ಎರಡರಿಂದ ಐದು ದೊಡ್ಡ ಚಮಚೆಯಷ್ಟು ಮಾತ್ರ. ಮೊದಲ ಒಂದೆರಡು ವರ್ಷ ದಿನಗಳ ಲೆಕ್ಕ ಸರಿಯಾಗಿರುವುದಿಲ್ಲ. 21 ದಿನಕ್ಕೂ ಬರಬಹುದು, 45 ದಿನಕ್ಕೂ ಬರಬಹುದು. ಕೆಳಹೊಟ್ಟೆಯಲ್ಲಿ ನೋವಿರಬಹುದು, ಬಿಸಿನೀರಿನ ಶಾಖದಿಂದ ಹಿತವಾಗುತ್ತದೆ. ಸ್ನಾನ ಮಾಡಬಹುದು, ಆಡಬಹುದು, ಓದಬಹುದು. ತಾಯಿ ಇಷ್ಟನ್ನು ಹೇಳಿ, ಪ್ಯಾಡನ್ನು ಹೇಗೆ ಇಟ್ಟುಕೊಳ್ಳಬೇಕು, ನಾಲ್ಕಾರು ಗಂಟೆಗೊಮ್ಮೆ ಹೇಗೆ ಬದಲಾಯಿಸಬೇಕು, ಹೇಗೆ ಸುತ್ತಿ ಎಸೆಯಬೇಕೆಂದು ತೋರಿಸಿ, ಶಾಲೆಯ ಚೀಲದಲ್ಲಿ ಒಂದನ್ನು ಇರಿಸಿಬಿಟ್ಟರೆ ಮುಗಿಯಿತು. ಹತ್ತು ನಿಮಿಷದ ಕೆಲಸ.

ಹಳೆಯ ಆಚಾರಗಳಲ್ಲಿ ಒಳ್ಳೆಯದೇ ಇರಲಿಲ್ಲವೆಂದು ನಾನು ಹೇಳಲಾರೆ. ಹಳೆಯ ಮೈಸೂರಿನ ಹಳ್ಳಿಗಳಲ್ಲಿ ಸೋದರಮಾವ ಹಸಿರು ಸೊಪ್ಪಿನ ಗುಡ್ಲು ಹಾಕುತ್ತಿದ್ದ. ಎಳ್ಳು ಬೆಲ್ಲ ಕುಟ್ಟಿದ ಚಿಗಳಿ, ಕೊಬ್ಬರಿ, ತುಪ್ಪ ಇವೆಲ್ಲವನ್ನೂ ಹುಡುಗಿಗೆ ತಿನ್ನಿಸುತ್ತಿದ್ದರು. ಬೆಳೆಯುವ ಮೈಗೆ ಪುಷ್ಟಿ ಬೇಕೆಂಬ ತಿಳಿವಳಿಕೆ ಅದರಲ್ಲಿತ್ತು. ಅದನ್ನು ನಾವು ಮರೆಯಬಾರದಾಗಿತ್ತು. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ ದೇಶದ 15ರಿಂದ 19 ವರ್ಷದ ಹುಡುಗಿಯರಲ್ಲಿ ನೂರಕ್ಕೆ 59 ಮಂದಿಗೆ ರಕ್ತಹೀನತೆ ಕಂಡುಬಂದಿತು. ಸೊಪ್ಪು, ಕಾಳು, ರಾಗಿ, ಬೆಲ್ಲ, ಮಾಂಸಾಹಾರಿಗಳಾದರೆ ಮೊಟ್ಟೆ ಮಾಂಸ—ಇವು ಗಂಡುಮಕ್ಕಳಿಗೆ ಎಷ್ಟೋ ಹೆಣ್ಣುಮಕ್ಕಳಿಗೂ ಅಷ್ಟು ಬಡಿಸಬೇಕೆಂದು ಇದರಿಂದ ತಿಳಿಯುತ್ತದೆ. ಬಿಡಬೇಕಾದದ್ದು ಆ ಆಚಾರದ ಇನ್ನೊಂದು ಮುಖವನ್ನು. ಮೂಲೆಯಲ್ಲಿ ಕೂರಿಸುವುದು, ಮುಟ್ಟಬೇಡವೆನ್ನುವುದು, ಚಾಪೆ ಲೋಟ ಬೇರೆ ಮಾಡುವುದು. ಇವುಗಳಿಂದ ಮಗು ಕಲಿಯುವ ಪಾಠವೊಂದೇ. ತನ್ನ ದೇಹ ನಾಚಿಕೆಪಡಬೇಕಾದ ವಸ್ತು ಎಂಬುದು ಆ ಪಾಠ. ಒಮ್ಮೆ ಕಲಿತರೆ ಅದನ್ನು ಮರೆಯುವುದು ಬಹಳ ಕಷ್ಟ.

'ದೊಡ್ಡವಳಾದಳು' ಎಂಬ ನಮ್ಮ ಮಾತಿನಲ್ಲಿಯೂ ಒಂದು ಅಪಾಯವಿದೆ. ಹನ್ನೆರಡು ಹದಿಮೂರು ವರ್ಷದ ಮಗು ದೊಡ್ಡವಳಲ್ಲ. ಅವಳ ಮೂಳೆಗಳ ಬೆಳವಣಿಗೆ ಮುಗಿದಿಲ್ಲ, ಸೊಂಟದ ಎಲುಬು ಪೂರ್ತಿ ಬಲಿತಿಲ್ಲ, ಬುದ್ಧಿ ಇನ್ನೂ ಪಕ್ವವಾಗಬೇಕಾಗಿದೆ. ಆದರೂ ಈ ಒಂದು ಶಬ್ದದ ಬಲದಿಂದ ಎಷ್ಟೋ ಹುಡುಗಿಯರ ಶಾಲೆ ನಿಂತು ಮದುವೆ ನಡೆದುಹೋಗಿದೆ. 1894ರಲ್ಲಿಯೇ ಮೈಸೂರು ಸಂಸ್ಥಾನ 8 ವರ್ಷದೊಳಗಿನ ಹೆಣ್ಣುಮಕ್ಕಳ ವಿವಾಹವನ್ನು ನಿಷೇಧಿಸಿತು. 1929ರ ಶಾರದಾ ಕಾಯಿದೆ ಆ ಮಿತಿಯನ್ನು 14ಕ್ಕೆ ಏರಿಸಿತು. 1978ರಲ್ಲಿ ಅದು 18 ಆಯಿತು, ಹುಡುಗರಿಗೆ 21. ಎಂಟರಿಂದ ಹದಿನೆಂಟಕ್ಕೆ ಬರಲು ನಮಗೆ 84 ವರ್ಷ ಹಿಡಿಯಿತು. ಕಾಯಿದೆ ಮುಂದೆ ಬಂದಿದೆ. ನಮ್ಮ ಮಾತು ಅದರ ಜೊತೆಗೆ ಬರಬೇಕು. 'ದೊಡ್ಡವಳಾದಳು' ಎನ್ನುವ ಬದಲು 'ಬೆಳೆಯುತ್ತಿದ್ದಾಳೆ' ಎನ್ನೋಣ. ವ್ಯಾಕರಣದಲ್ಲಿ ಭೂತಕಾಲಕ್ಕೂ ವರ್ತಮಾನಕ್ಕೂ ಸಣ್ಣ ವ್ಯತ್ಯಾಸ. ಆ ಹುಡುಗಿಯ ಬಾಳಿನಲ್ಲಿ ಅದು ಬಹು ದೊಡ್ಡ ವ್ಯತ್ಯಾಸ.

ಹುಡುಗರ ಪಾಡು ಬೇರೆ ಬಗೆಯದು. ಅವರಿಗೆ ಒಸಗೆಯೂ ಇಲ್ಲ, ಆರತಿಯೂ ಇಲ್ಲ. ಏನೋ ನಡೆಯುತ್ತಿದೆಯೆಂದು ಮನೆಯವರು ಗಮನಿಸುವುದೂ ಅಪರೂಪ. ಗಂಟಲು ಮಾತ್ರ ಗುಟ್ಟನ್ನು ಬಿಟ್ಟುಕೊಡುತ್ತದೆ. ಕನ್ನಡದ ತರಗತಿಯಲ್ಲಿ ಇದನ್ನು ನಾನು ವರ್ಷವರ್ಷವೂ ಕಂಡಿದ್ದೇನೆ. ಏಳನೆಯ ತರಗತಿಯವರೆಗೆ ಗಂಟೆ ಬಾರಿಸಿದಂತೆ ಪದ್ಯ ಓದುತ್ತಿದ್ದ ಹುಡುಗ ಒಂಬತ್ತನೆಯ ತರಗತಿಯಲ್ಲಿ ಎದ್ದು ನಿಂತರೆ, ಮೊದಲ ಪಾದ ಹೆಣ್ಣುಧ್ವನಿಯಲ್ಲಿ, ಎರಡನೆಯ ಪಾದ ತಾತನ ಧ್ವನಿಯಲ್ಲಿ ಹೊರಡುತ್ತದೆ. ನಡುವೆ ಎಲ್ಲಿಯೋ ಕೀರಲು. ತರಗತಿಯೆಲ್ಲ ಗೊಳ್ಳೆಂದು ನಗುತ್ತದೆ. ಅಂದಿನಿಂದ ಆ ಹುಡುಗ ಹಿಂದಿನ ಬೆಂಚಿಗೆ ಹೋಗುತ್ತಾನೆ. ಉತ್ತರ ಗೊತ್ತಿದ್ದರೂ ಕೈ ಎತ್ತುವುದಿಲ್ಲ. ಅವನು ದಡ್ಡನಾದನೆಂದು ಹೊಸ ಉಪಾಧ್ಯಾಯರು ಭಾವಿಸುವುದುಂಟು. ಇಂಥವರು ತರಗತಿಯಲ್ಲಿದ್ದರೆ ನಾನು ಪದ್ಯವನ್ನು ಸಾಮೂಹಿಕವಾಗಿ ಓದಿಸುತ್ತೇನೆ. ನಲವತ್ತು ಧ್ವನಿಗಳ ನಡುವೆ ಒಂದು ಒಡೆದ ಧ್ವನಿ ಆರಾಮವಾಗಿ ಅಡಗಿಕೊಳ್ಳುತ್ತದೆ, ಹುಡುಗ ಓದುವುದನ್ನು ಬಿಡುವುದಿಲ್ಲ.

ಧ್ವನಿ ಒಡೆಯುವುದೆಂದರೇನು? ಗಂಟಲಿನ ಧ್ವನಿಪೆಟ್ಟಿಗೆ ಬೇಗಬೇಗನೆ ದೊಡ್ಡದಾಗುತ್ತದೆ. ಅದರೊಳಗಿನ ತಂತುಗಳು ಉದ್ದವಾಗಿ ದಪ್ಪವಾಗುತ್ತವೆ. ತಂಬೂರಿಯ ತಂತಿ ಉದ್ದವಾದರೆ ಶ್ರುತಿ ಇಳಿಯುವುದಷ್ಟೆ? ಹಾಗೆಯೇ ಹುಡುಗರ ಧ್ವನಿ ಸುಮಾರು ಒಂದು ಸ್ಥಾಯಿಯಷ್ಟು ಕೆಳಗೆ ಬರುತ್ತದೆ. ಹುಡುಗಿಯರ ಧ್ವನಿಯೂ ಇಳಿಯುತ್ತದೆ, ಆದರೆ ಅಲ್ಪ. ಹೊಸ ವಾದ್ಯವನ್ನು ನುಡಿಸಲು ಕಲಿಯುವವರೆಗೆ ಅಪಸ್ವರ ಬಂದೇ ಬರುತ್ತದೆ. ಕೆಲವರಿಗೆ ಕೆಲವೇ ತಿಂಗಳಲ್ಲಿ, ಕೆಲವರಿಗೆ ಒಂದು ವರ್ಷಕ್ಕೂ ಮೀರಿ, ಧ್ವನಿ ತಾನಾಗಿ ನೆಲೆಗೊಳ್ಳುತ್ತದೆ. ಸಂಗೀತ ಕಲಿಯುವ ಹುಡುಗರು ಈ ಕಾಲದಲ್ಲಿ ಮೇಲಿನ ಶ್ರುತಿಗೆ ಗಂಟಲನ್ನು ಹಿಂಡಬಾರದು. ಯೂರೋಪಿನ ಪ್ರಸಿದ್ಧ ಸಂಗೀತಗಾರ ಜೋಸೆಫ್ ಹೈಡನ್ ಬಾಲ್ಯದಲ್ಲಿ ವಿಯೆನ್ನಾ ನಗರದ ಸಂತ ಸ್ಟೀಫನ್ನರ ದೇವಾಲಯದ ಗಾಯಕವೃಂದದಲ್ಲಿದ್ದ. 1749ರ ಸುಮಾರಿಗೆ, ಹದಿನೇಳರ ಆಚೀಚೆಯಲ್ಲಿ, ಧ್ವನಿ ಒಡೆದದ್ದರಿಂದ ಅವನಿಗೆ ಅಲ್ಲಿ ಸ್ಥಾನವಿಲ್ಲದಂತಾಯಿತು. ಆದರೆ ಸಂಗೀತ ಅವನನ್ನು ಬಿಡಲಿಲ್ಲ. ನೂರಕ್ಕೂ ಹೆಚ್ಚು ಸಿಂಫನಿಗಳನ್ನು ಅವನು ರಚಿಸಿದ. ಒಡೆದ ಗಂಟಲಿನ ಹುಡುಗರಿಗೆ ಈ ಕಥೆಯನ್ನು ಹೇಳಿದರೆ ಅವರ ಮುಖ ಅರಳುತ್ತದೆ.

ಹುಡುಗರಿಗೆ ಯಾರೊಡನೆಯೂ ಹೇಳಿಕೊಳ್ಳಲಾಗದ ಚಿಂತೆಗಳು ಇನ್ನೂ ಎರಡಿವೆ. ಈ ವಯಸ್ಸಿನ ಸುಮಾರು ಅರ್ಧದಷ್ಟು ಹುಡುಗರಲ್ಲಿ ಎದೆಯ ಮೊಲೆತೊಟ್ಟಿನ ಕೆಳಗೆ ಸಣ್ಣ ಗಂಟಿನಂತೆ ಊದಿಕೊಂಡು ನೋಯುತ್ತದೆ. ತಾನು ಹೆಣ್ಣಾಗುತ್ತಿರುವೆನೋ ಎಂದು ಹುಡುಗ ಒಳಗೊಳಗೇ ನಡುಗುತ್ತಾನೆ. ಈಜಲು ಹೋಗುವುದನ್ನು ಬಿಡುತ್ತಾನೆ. ಸೆಖೆಯಲ್ಲಿಯೂ ದಪ್ಪ ಅಂಗಿ ಹಾಕುತ್ತಾನೆ. ಹಾರ್ಮೋನುಗಳ ಏರುಪೇರಿನಿಂದಾಗುವ ಇದು ಸಾಮಾನ್ಯವಾಗಿ ಆರು ತಿಂಗಳಿಂದ ಎರಡು ವರ್ಷದೊಳಗೆ ತಾನಾಗಿ ಇಳಿಯುತ್ತದೆ. ಇನ್ನೊಂದು, ನಿದ್ರೆಯಲ್ಲಿ ವೀರ್ಯ ಹೊರಬೀಳುವುದು. ಇದೂ ಪೂರ್ತಿ ಸಹಜ. ಆದರೆ ಬಸ್ ನಿಲ್ದಾಣದ ಗೋಡೆಗಳ ಮೇಲಿನ ಜಾಹೀರಾತುಗಳು ಬೇರೆಯೇ ಕಥೆ ಹೇಳುತ್ತವೆ. ಧಾತು ನಷ್ಟವಾಯಿತು, ಬಲ ಕುಗ್ಗಿತು, ಮುಂದೆ ಸಂಸಾರಕ್ಕೆ ಅಯೋಗ್ಯನಾದೆ ಎಂದು ಹೆದರಿಸಿ ಔಷಧ ಮಾರುವವರು ಇದ್ದಾರೆ. ಈ ಹೆದರಿಕೆಯಿಂದಲೇ ನಿತ್ರಾಣರಾಗಿ ಬರುವ ತರುಣರನ್ನು ಕಂಡು ಮನೋವೈದ್ಯ ಎನ್. ಎನ್. ವಿಗ್ ಅವರು 1960ರಲ್ಲಿ ಅದಕ್ಕೆ 'ಧಾತ್ ಸಿಂಡ್ರೋಮ್' ಎಂದು ಹೆಸರಿಟ್ಟರು. ದೇಹ ವೀರ್ಯವನ್ನು ಸದಾ ಉತ್ಪಾದಿಸುತ್ತಲೇ ಇರುತ್ತದೆ. ಅದು ಹೊರಬಿದ್ದುದರಿಂದ ಬಲ ಕುಗ್ಗುವುದಿಲ್ಲ. ಈ ಒಂದು ವಾಕ್ಯವನ್ನು ತಂದೆಯಾದವನು ಮಗನಿಗೆ ಹೇಳಿದರೆ ಸಾಕು, ಗೋಡೆಯ ಬರಹ ನಿಷ್ಫಲವಾಗುತ್ತದೆ.

ಮೊಡವೆ, ಬೆವರಿನ ವಾಸನೆ ಇವು ಇಬ್ಬರಿಗೂ ಸಮಾನ. ಮೊಡವೆಯನ್ನು ಹಿಸುಕಬಾರದು; ದಿನಕ್ಕೆ ಎರಡು ಸಲ ಮುಖ ತೊಳೆಯಬೇಕು; ಬಹಳವಾದರೆ ವೈದ್ಯರನ್ನು ಕಾಣಬೇಕು. ಇದರಲ್ಲಿ ಹೆಚ್ಚು ಹೇಳತಕ್ಕದ್ದಿಲ್ಲ. ಹೇಳತಕ್ಕದ್ದು ಇರುವುದು ಮನಸ್ಸಿನ ವಿಷಯದಲ್ಲಿ. ಅಮೆರಿಕದ ಮನಶ್ಶಾಸ್ತ್ರಜ್ಞ ಡೇವಿಡ್ ಎಲ್ಕೈಂಡ್ 1967ರಲ್ಲಿ ಒಂದು ಸೊಗಸಾದ ವಿಚಾರವನ್ನು ಮುಂದಿಟ್ಟರು. ಈ ವಯಸ್ಸಿನವರು ಸದಾ ಒಂದು ಕಲ್ಪಿತ ಪ್ರೇಕ್ಷಕವರ್ಗದ ಮುಂದೆ ಬಾಳುತ್ತಾರಂತೆ. ಎಲ್ಲರೂ ತನ್ನನ್ನೇ ನೋಡುತ್ತಿದ್ದಾರೆ, ತನ್ನ ಮೂಗಿನ ಮೇಲಿನ ಮೊಡವೆಯನ್ನೇ ಗಮನಿಸುತ್ತಿದ್ದಾರೆ ಎಂಬ ಭಾವನೆ ಅವರಿಗೆ. ನಿಜವಾಗಿ ನೋಡಿದರೆ ಪಕ್ಕದಲ್ಲಿ ಕುಳಿತವನು ತನ್ನ ಮೊಡವೆಯ ಚಿಂತೆಯಲ್ಲಿಯೇ ಮುಳುಗಿರುತ್ತಾನೆ! ರಂಗಸ್ಥಳದ ಮೇಲೆ ನಿಂತವನನ್ನು ಸುಮ್ಮನೆ ನಿಲ್ಲಲು ಬಿಡದೆ ಸಭೆಯಿಂದ ಒಬ್ಬನು ಕೂಗಿ ಹಾಸ್ಯಮಾಡಿದರೆ ಹೇಗಾದೀತು? ಊಟದ ಪಂಕ್ತಿಯಲ್ಲಿ ಚಿಕ್ಕಪ್ಪನೋ ಅತ್ತೆಯೋ 'ಓಹೋ, ಮೀಸೆ ಬಂತಲ್ಲ!' ಎಂದೋ, 'ಎಷ್ಟು ದಪ್ಪಗಾಗಿದ್ದೀಯೆ!' ಎಂದೋ ವಿನೋದ ಮಾಡಿದಾಗ ಆಗುವುದು ಅದೇ. ಹೇಳಿದವರು ಎಲೆ ಎತ್ತುವ ಮೊದಲೇ ಮರೆಯುತ್ತಾರೆ; ಕೇಳಿದ ಮಗು ವರ್ಷಗಟ್ಟಲೆ ಮರೆಯುವುದಿಲ್ಲ.

ಕೋಪ, ಅಳು, ಬೆಳಿಗ್ಗೆ ಏಳದಿರುವುದು ಇವನ್ನೂ ಕೆಟ್ಟ ನಡತೆಯೆಂದು ತಿಳಿಯಬೇಕಾಗಿಲ್ಲ. ಈ ವಯಸ್ಸಿನಲ್ಲಿ ದೇಹದ ಗಡಿಯಾರವೇ ಹಿಂದೆ ಸರಿಯುತ್ತದೆ. ರಾತ್ರಿ ನಿದ್ರೆ ತಡವಾಗಿ ಬರುತ್ತದೆ. ಅವರಿಗೆ ಎಂಟರಿಂದ ಹತ್ತು ಗಂಟೆಯ ನಿದ್ರೆ ಬೇಕು. ಭಾವೋದ್ವೇಗಕ್ಕೆ ಸಂಬಂಧಿಸಿದ ಮೆದುಳಿನ ಭಾಗಗಳು ಮೊದಲು ಬಲಿಯುತ್ತವೆ. ಹಿಂದುಮುಂದು ಯೋಚಿಸಿ ತಡೆಯುವ ಭಾಗ ಇಪ್ಪತ್ತೈದರ ಹತ್ತಿರದವರೆಗೂ ಬೆಳೆಯುತ್ತಿರುತ್ತದೆ. ಹಾಗೆಂದು ಎಲ್ಲವನ್ನೂ ಸಹಿಸಿಕೊಳ್ಳಬೇಕೆಂದಲ್ಲ. ತಪ್ಪನ್ನು ತಪ್ಪೆಂದು ಹೇಳಬೇಕು. ನಾಲ್ಕು ಜನರ ಮುಂದೆ ಹೇಳಬಾರದು.

ಮಗನಿಗೆ ಹದಿನಾರು ತುಂಬಿದ ಮೇಲೆ ಅವನನ್ನು ಮಿತ್ರನಂತೆ ಕಾಣಬೇಕೆಂಬ ಸುಭಾಷಿತ ನಿಮಗೆಲ್ಲ ಗೊತ್ತಿದೆ. ಅದು ಇಂದಿಗೂ ಒಪ್ಪತಕ್ಕ ಮಾತು; ವಯಸ್ಸಿನ ಲೆಕ್ಕ ಮಾತ್ರ ಬದಲಾಗಬೇಕು. ಉತ್ತರ ಯೂರೋಪಿನಲ್ಲಿ ಹತ್ತೊಂಬತ್ತನೆಯ ಶತಮಾನದ ಮಧ್ಯದಲ್ಲಿ ಹುಡುಗಿಯರು ಮೈನೆರೆಯುತ್ತಿದ್ದುದು ಹದಿನಾರರ ಆಚೀಚೆ; ನೂರು ವರ್ಷ ಕಳೆಯುವಷ್ಟರಲ್ಲಿ ಅದು ಹದಿಮೂರಕ್ಕೆ ಇಳಿಯಿತು. ಅನ್ನ ಆರೋಗ್ಯಗಳು ಉತ್ತಮಗೊಂಡದ್ದು ಇದಕ್ಕೆ ಮುಖ್ಯ ಕಾರಣವೆಂದು ಬಲ್ಲವರು ಹೇಳುತ್ತಾರೆ. ನಮ್ಮಲ್ಲಿಯೂ ಈಗ ಹದಿಮೂರರ ಆಸುಪಾಸಿನಲ್ಲಿಯೇ ಅದು ಸಂಭವಿಸುತ್ತದೆ. ಎಂದ ಮೇಲೆ ಮಿತ್ರತ್ವಕ್ಕೆ ಹದಿನಾರರವರೆಗೆ ಕಾದರೆ ತಡವಾಯಿತು. ಒಂಬತ್ತು ಹತ್ತರಲ್ಲಿಯೇ ಅದನ್ನು ಆರಂಭಿಸಬೇಕು.

ಆರಂಭಿಸುವುದು ಹೇಗೆ ಎಂದು ಕೇಳುವಿರಿ. ಮಗುವನ್ನು ಎದುರಿಗೆ ಕೂರಿಸಿ ಉಪನ್ಯಾಸ ಮಾಡಬೇಕಾಗಿಲ್ಲ. ಇಬ್ಬರೂ ಯಾವುದಾದರೂ ಕೆಲಸದಲ್ಲಿರುವಾಗ, ಅವರೆಕಾಯಿ ಸುಲಿಯುತ್ತಲೋ, ಬೈಸಿಕಲ್ಲು ತೊಳೆಯುತ್ತಲೋ ಮಾತು ತೆಗೆಯಿರಿ. ಕಣ್ಣಿಗೆ ಕಣ್ಣು ಕೂಡದಿದ್ದರೆ ಸಂಕೋಚ ಅರ್ಧ ಕಡಮೆ. ಒಂದೇ ಸಲ ಎಲ್ಲವನ್ನೂ ಹೇಳಬೇಡಿ. ಇಂದು ಒಂದು, ಮುಂದಿನ ತಿಂಗಳು ಇನ್ನೊಂದು. ಅಂಗಗಳಿಗೆ ಇರುವ ಸರಿಯಾದ ಹೆಸರುಗಳನ್ನೇ ಬಳಸಿ. ಹೆಸರಿಲ್ಲದ ಅಂಗದ ನೋವನ್ನು ಮಗು ವೈದ್ಯರಿಗೆ ಹೇಗೆ ಹೇಳೀತು? ಯಾರಾದರೂ ಕೆಟ್ಟ ರೀತಿಯಲ್ಲಿ ಮುಟ್ಟಿದರೆ ಅದನ್ನು ನಿಮಗೆ ಹೇಗೆ ತಿಳಿಸೀತು? ಹುಡುಗಿಯರ ವಿಷಯ ಹುಡುಗರಿಗೂ ತಿಳಿದಿರಲಿ. ಅಕ್ಕನಿಗೆ ಮುಟ್ಟಿನ ನೋವಿದೆಯೆಂದು ತಿಳಿದ ತಮ್ಮ ಅವಳಿಗೆ ಬಿಸಿನೀರು ತಂದುಕೊಡುತ್ತಾನೆ; ಅಂಥ ಹುಡುಗ ತರಗತಿಯಲ್ಲಿ ಕಲೆಯಾದ ಲಂಗವನ್ನು ಕಂಡು ನಗುವುದಿಲ್ಲ. ನಾವು ಹೇಳದಿದ್ದರೆ ಮಕ್ಕಳಿಗೆ ತಿಳಿಯುವುದಿಲ್ಲವೆಂದು ನೆಮ್ಮದಿಯಿಂದಿರುವ ಕಾಲ ಇದಲ್ಲ. ಅಂಗೈಯಲ್ಲಿರುವ ಮೊಬೈಲು ಎಲ್ಲವನ್ನೂ ಹೇಳುತ್ತದೆ, ಆದರೆ ಮಗುವಿನ ಮುಖ ನೋಡಿ ಹೇಳುವುದಿಲ್ಲ.

ವೈದ್ಯರನ್ನು ಕಾಣಬೇಕಾದ ಸಂದರ್ಭಗಳೂ ಕೆಲವಿವೆ. ಹುಡುಗಿಗೆ 8 ತುಂಬುವ ಮೊದಲೇ, ಹುಡುಗನಿಗೆ 9 ತುಂಬುವ ಮೊದಲೇ ಬದಲಾವಣೆಗಳು ಕಂಡರೆ. ಹುಡುಗಿಗೆ 13, ಹುಡುಗನಿಗೆ 14 ತುಂಬಿದರೂ ಯಾವ ಚಿಹ್ನೆಯೂ ಕಾಣದಿದ್ದರೆ. 15 ಆದರೂ ಮುಟ್ಟಾಗದಿದ್ದರೆ. ರಕ್ತಸ್ರಾವ ಏಳು ದಿನ ಮೀರಿದರೆ, ಗಂಟೆಗೊಂದು ಪ್ಯಾಡು ತೊಯ್ಯುತ್ತಿದ್ದರೆ, ಪ್ರತಿ ತಿಂಗಳೂ ಶಾಲೆ ತಪ್ಪುವಷ್ಟು ನೋವಿದ್ದರೆ ತಡಮಾಡಬಾರದು. ಮಗು ವಾರಗಟ್ಟಲೆ ಮಂಕಾಗಿದ್ದು ಊಟ ನಿದ್ರೆ ಗೆಳೆಯರನ್ನು ಬಿಟ್ಟುಬಿಟ್ಟರೂ ಹಾಗೆಯೇ. ಅದು ವಯಸ್ಸಿನ ಸಂಕೋಚವಲ್ಲ, ಕಾಯಿಲೆಯಿರಬಹುದು. ಈ ವಯಸ್ಸಿನವರಿಗಾಗಿಯೇ ಕೇಂದ್ರ ಸರ್ಕಾರ 2014ರಲ್ಲಿ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮವನ್ನು ಆರಂಭಿಸಿತು. ನಮ್ಮ ಹಳೆಯ 'ಕೈಶೋರ' ಶಬ್ದ ಸರ್ಕಾರಿ ಕಾಗದಪತ್ರಗಳಲ್ಲಿ ಹೀಗೆ ಮತ್ತೆ ಕಾಣಿಸಿಕೊಂಡಿತು. ಶಾಲೆಯ ಹೆಣ್ಣುಮಕ್ಕಳಿಗೆ ಪ್ಯಾಡು ಕೊಡುವ 'ಶುಚಿ' ಯೋಜನೆಯನ್ನು ಕರ್ನಾಟಕ 2013–14ರಲ್ಲಿ ಆರಂಭಿಸಿತು.

ಇವೆಲ್ಲ ಬೇಕು. ಆದರೆ 2007ರಲ್ಲಿ ಶಾಲೆಗಳಲ್ಲಿ ಹದಿಹರೆಯದ ಶಿಕ್ಷಣವನ್ನು ತರಲು ಹೊರಟಾಗ ಕರ್ನಾಟಕವೂ ಸೇರಿ ಹಲವು ರಾಜ್ಯಗಳಲ್ಲಿ ವಿರೋಧ ಬಂದು ಅದು ನಿಂತುಹೋಯಿತು. ಇಂಥ ಮಾತು ಶಾಲೆಯಲ್ಲಿ ಸಲ್ಲದು, ಅದು ಮನೆಯ ವಿಷಯ ಎಂದು ಆಗ ಅನೇಕರು ವಾದಿಸಿದರು. ವಾದವಿರಲಿ. ಮನೆಯ ವಿಷಯವೆನ್ನುವವರು ಮನೆಯಲ್ಲಿ ಅದನ್ನು ಹೇಳಬೇಕಲ್ಲವೆ? ಶಾಲೆ ಮನೆಯತ್ತ ಬೆರಳು ತೋರಿಸಿ, ಮನೆ ಶಾಲೆಯತ್ತ ಬೆರಳು ತೋರಿಸಿದರೆ ಮಗು ನಡುದಾರಿಯಲ್ಲಿ ನಿಲ್ಲುತ್ತದೆ.

ಹತ್ತು ಹನ್ನೊಂದರ ಮಗುವಿರುವ ಮನೆಗಳಲ್ಲಿ ಈ ಭಾನುವಾರವೇ ಒಂದು ಸಣ್ಣ ಮಾತಿನಿಂದ ಆರಂಭಿಸಬಹುದು. 'ನಿನ್ನ ಮೈಯಲ್ಲಿ ಇನ್ನು ಸ್ವಲ್ಪ ದಿನಕ್ಕೆ ಕೆಲವು ಬದಲಾವಣೆಗಳು ಆಗುತ್ತವೆ, ನನಗೂ ಆಗಿದ್ದವು, ಏನೇ ಆದರೂ ನನ್ನನ್ನು ಕೇಳು' ಎಂದರೆ ಸಾಕು. ಮಗು ತಲೆ ತಗ್ಗಿಸಬಹುದು, 'ಸರಿ ಸರಿ' ಎಂದು ಎದ್ದು ಹೋಗಬಹುದು. ಚಿಂತೆಯಿಲ್ಲ. ಕೇಳಲು ಒಬ್ಬರಿದ್ದಾರೆಂಬುದು ಅದಕ್ಕೆ ತಿಳಿದಿರುತ್ತದೆ. ಬೇಕಾದ ದಿನ ಅದು ತಾನಾಗಿಯೇ ಬಂದು ಕೇಳುತ್ತದೆ.